ಫಿಲ್ಮ್ ಸ್ಕೂಲ್ ಎರಡನೇ ಸಲವೂ ಬೇಡ ಅಂದಿತು. ಕೌರಿಸ್ಮಾಕಿ ದಾರಿ ಹಿಡಿಯಲಾ?

ಎಸ್ಪೋ_31: ಫಿನ್ಲೆಂಡಿಗೆ ಬಂದು ಆರು ವರ್ಷ. ವಯಸ್ಸು 31, ಐಟಿ ಕೆಲಸ, ಮನೆ ಸಾಲ ಇದೆ. ಇಲ್ಲಿನ ಫಿಲ್ಮ್ ಸ್ಕೂಲಿನಲ್ಲಿ ಸೀಟು ಸಿಗಲಿಲ್ಲ. ಇಲ್ಲಿನ ಹೆಸರಾಂತ ಸಿನಿಮಾ ನಿರ್ದೇಶಕ ಅಕಿ ಕೌರಿಸ್ಮಾಕಿಯನ್ನೂ ಸೇರಿಸಿಕೊಂಡಿರಲಿಲ್ಲ, ಆತ ಪೋಸ್ಟ್‌ಮ್ಯಾನ್ ಆಗಿದ್ದ, ಹೋಟೆಲಲ್ಲಿ ಪಾತ್ರೆ ತೊಳೆದ, ಆಮೇಲೆ ಸಿನಿಮಾ ಮಾಡಿದ ಅಂತ ಗೆಳೆಯ ಹುರಿದುಂಬಿಸುತ್ತಿದ್ದಾನೆ. ಶಾಲೆ ಇಲ್ಲದೆ ಶುರು ಮಾಡಿದವರು ಅನುಭವ ಹೇಳಿ.

ಪಾತ್ರೆವಾಲಾ: ನಾನು ಮಾಡಿದ್ದೇನೆ, ಕೇಳಿ. 2018ರಲ್ಲಿ ಕೆಲಸ ಬಿಟ್ಟೆ. ತಂಪೆರೆಯ ಒಂದು ಹೋಟೆಲಿನಲ್ಲಿ ಎಂಟು ತಿಂಗಳು ಪಾತ್ರೆ ತೊಳೆದೆ. ಬಿಸಿ ಆವಿಗೆ ಕನ್ನಡಕ ಮಂಜಾಗುತ್ತಿತ್ತು, ಬೆರಳ ಸಂದಿಯಲ್ಲಿ ಚರ್ಮ ಸುಲಿಯಿತು. ಕೌರಿಸ್ಮಾಕಿ ಇವತ್ತಿಗೂ 35 ಎಂಎಂ ಫಿಲ್ಮ್ ಸುರುಳಿ ಬಿಟ್ಟಿಲ್ಲ ಅಂತ ನಾನೂ ಹಟ ಹಿಡಿದು ಹನ್ನೆರಡು ನಿಮಿಷದ ಚಿತ್ರವನ್ನು 16 ಎಂಎಂನಲ್ಲಿ ತೆಗೆದೆ. 400 ಅಡಿ ಸುರುಳಿ ಅಂದರೆ ಬರೀ 11 ನಿಮಿಷ. ಐದು ಸುರುಳಿಗೆ 900 ಯೂರೋ. ಲ್ಯಾಬ್ ಮತ್ತು ಸ್ಕ್ಯಾನ್ 1,450. ಕ್ಯಾಮೆರಾ ಬಾಡಿಗೆ ನಾಲ್ಕು ದಿನಕ್ಕೆ 1,100. ಊಟ 380. ಒಟ್ಟು 3,830. ಒಂದು ಸುರುಳಿ ಬೆಳಕು ಬಿದ್ದು ಹಾಳಾಯಿತು, ಮುಚ್ಚಳ ತೆಗೆದವನು ನಾನೇ. ಯಾವ ಚಿತ್ರೋತ್ಸವವೂ ತೆಗೆದುಕೊಳ್ಳಲಿಲ್ಲ. ಆದರೂ ಬೇಜಾರಿಲ್ಲ. ಹೆಂಡತಿ ಮುಂದೆ ಮಾತ್ರ ಆ ವಿಷಯ ಎತ್ತುವುದಿಲ್ಲ.

ತಮ್ಮ_ನಾನು: ಎಲ್ಲರೂ ಅರ್ಧ ಕಥೆ ಹೇಳ್ತೀರಿ. ಕೌರಿಸ್ಮಾಕಿಯ ಅಣ್ಣ ಮಿಕಾ ಮ್ಯೂನಿಕ್‌ನಲ್ಲಿ ಸಿನಿಮಾ ಕಲಿತವನು. 1981ರ 'ವಲೆಹ್ತೆಲಿಯಾ' (ಸುಳ್ಳುಗಾರ) ಚಿತ್ರಕ್ಕೆ ಅಣ್ಣ ನಿರ್ದೇಶಕ, ತಮ್ಮ ನಾಯಕ, ಬರವಣಿಗೆಯಲ್ಲೂ ಪಾಲುದಾರ. ಆಮೇಲೆ ಇಬ್ಬರದೂ ಸೇರಿ ಕಂಪನಿ. ಫಿಲ್ಮ್ ಸ್ಕೂಲ್ ಮನೆಯೊಳಗೇ ಇತ್ತು, ಅಲ್ವಾ? ನನಗೂ ಅಣ್ಣ ಇದ್ದಾನೆ, ಮೈಸೂರಲ್ಲಿ. ಕಿರುಚಿತ್ರಕ್ಕೆ ಎರಡು ಲಕ್ಷ ಕೊಟ್ಟ. ಪ್ರತಿ ಯುಗಾದಿಗೆ ಫೋನ್ ಮಾಡಿ "ಹಬ್ಬ ಆಯ್ತಾ? ಆ ದುಡ್ಡು?" ಅಂತಾನೆ. ಐದು ಯುಗಾದಿ ಆಯ್ತು.

ಪಾತ್ರೆವಾಲಾ: ಅಣ್ಣ ಇದ್ದ ಮಾತ್ರಕ್ಕೆ ಯಾರೂ ಕೌರಿಸ್ಮಾಕಿ ಆಗುವುದಿಲ್ಲ ಸ್ವಾಮಿ. 1983ರಲ್ಲಿ, 26ನೇ ವಯಸ್ಸಿಗೆ, ದಾಸ್ತೋವ್‌ಸ್ಕಿಯ 'ಅಪರಾಧ ಮತ್ತು ಶಿಕ್ಷೆ'ಯನ್ನು ಹೆಲ್ಸಿಂಕಿಗೆ ತಂದು ಕೂರಿಸಿದ. ಕೊಲೆ ಮಾಡುವವನನ್ನು ಕಸಾಯಿಖಾನೆಯ ಕೆಲಸಗಾರ ಮಾಡಿದ. ಅದೂ ಅಣ್ಣನೇ ಹೇಳಿಕೊಟ್ಟಿದ್ದಾ? ನೀವು ಎರಡು ಲಕ್ಷದಲ್ಲಿ ಮಾಡಿದ ಚಿತ್ರ ಎಲ್ಲಿದೆ, ತೋರಿಸಿ.

ತಮ್ಮ_ನಾನು: ಹಾರ್ಡ್ ಡಿಸ್ಕ್ ಹೋಯಿತು. ನಿಮ್ಮದಂತೂ ಇದ್ದೂ ಯಾರೂ ನೋಡಿಲ್ಲ.

ಕಲ್ಲಿಯೊ ಅಕ್ಕ: ಇಬ್ಬರೂ ಸ್ವಲ್ಪ ನಿಲ್ಲಿಸ್ತೀರಾ? ಕೌರಿಸ್ಮಾಕಿ ಓದದೆ ಬಂದವನು ಅನ್ನುವುದೇ ತಪ್ಪು. ತಂಪೆರೆ ವಿಶ್ವವಿದ್ಯಾಲಯದಲ್ಲಿ ಮಾಧ್ಯಮ ಓದಿದವರು, ವಿಮರ್ಶೆ ಬರೆದವರು. ನಾನು ದುಡ್ಡು ಕಟ್ಟಿ ಓದಿದವಳು. 2017ರಿಂದ ನಮ್ಮಂಥವರಿಗೆ ಇಲ್ಲಿ ಫೀಸು ಶುರುವಾಯಿತು, ನಾನು ಸೇರಿದ್ದು 2018ರಲ್ಲಿ. ನನ್ನ ಹಣೆಬರಹ! ಎರಡು ವರ್ಷಕ್ಕೆ 22 ಸಾವಿರ ಯೂರೋ, ಊರಿನ ಸೈಟು ಹೋಯಿತು. ಕೊನೆಗೆ ಒಂದು ಸಂಜೆ ಕೌರಿಸ್ಮಾಕಿಯವರ 'ಬೆಂಕಿಪೊಟ್ಟಣ ಕಾರ್ಖಾನೆಯ ಹುಡುಗಿ' ನೋಡಿದೆ. 1990ರದ್ದು, ಸುಮಾರು 70 ನಿಮಿಷ. ಶುರುವಿನಲ್ಲಿ ಮರದ ದಿಮ್ಮಿ ಯಂತ್ರದೊಳಗೆ ಹೋಗಿ ಕಡ್ಡಿಯಾಗಿ ಹೊರಬರುತ್ತದೆ, ಅಷ್ಟೇ. ಆಮೇಲೆ ನಾಯಕಿ ಕತಿ ಔತಿನೆನ್ ಮುಖ. ಎಷ್ಟೋ ಹೊತ್ತು ಮಾತೇ ಇಲ್ಲ. ನನ್ನ ಕೋರ್ಸಿನ ಪ್ರಾಜೆಕ್ಟಿನಲ್ಲಿ ಮೊದಲ ಐದು ನಿಮಿಷದಲ್ಲೇ ಮೂರು ಜನ ಅಳುತ್ತಿದ್ದರು.

ಹೊಸಬ_ಔಲು: ಆ ಚಿತ್ರಗಳನ್ನು ನೋಡಿ ಫಿನ್ನಿಶ್ ಮಾತ್ರ ಕಲಿಯಬೇಡಿ! ಪಾತ್ರಗಳೆಲ್ಲ ಪುಸ್ತಕದ ಭಾಷೆ ಆಡುತ್ತವೆ. ನಮ್ಮೂರ ಬಸ್ ಕಂಡಕ್ಟರ್ "ತಾವು ಎಲ್ಲಿಗೆ ಪ್ರಯಾಣಿಸುವಿರಿ" ಅಂದ ಹಾಗೆ. 'ನಾನು ಇದ್ದೇನೆ' ಅನ್ನೋದಕ್ಕೆ ಆಫೀಸಲ್ಲಿ ಎಲ್ಲರೂ ಆಡುಮಾತಲ್ಲಿ "ಮ್ಯಾ ಓನ್" ಅಂದರೆ ನಾನು ಗಂಭೀರವಾಗಿ "ಮಿನ್ಯಾ ಓಲೆನ್" ಅಂದೆ. ಒಂದು ವರ್ಷ ನಕ್ಕರು.

ಕಲ್ಲಿಯೊ ಅಕ್ಕ: ಆ ಬಿಗಿ ಭಾಷೆಯಲ್ಲೇ ತಮಾಷೆ ಇರುವುದು ಮಾರಾಯ.

ಹೊಸಬ_ಔಲು: ತಮಾಷೆ ನಿಮಗೆ. ಭಾಷೆ ಪರೀಕ್ಷೆ ಫೀಸು ಎರಡು ಸಲ ಕಟ್ಟಿದವನು ನಾನು.

ತಮ್ಮ_ನಾನು: ಕೌರಿಸ್ಮಾಕಿ ಮಾಡುವುದು ಬಡವರ ಬಗ್ಗೆ ಸಿನಿಮಾ, ವಾಸ ಪೋರ್ಚುಗಲ್‌ನಲ್ಲಿ. ಅದನ್ನೂ ಹೇಳಿ.

ಪಾತ್ರೆವಾಲಾ: ಇಲ್ಲಿನ ಕಾರ್ಕಿಲಾ ಊರಲ್ಲಿ ಹಳೇ ಎರಕದ ಕಾರ್ಖಾನೆಯೊಳಗೆ ಥಿಯೇಟರ್ ಮಾಡಿದ್ದೂ ಆತನೇ, 2021ರಲ್ಲಿ. ಹೋಗಿ ನೋಡಿ ಬನ್ನಿ, ಆಮೇಲೆ ಮಾತಾಡಿ. 2003ರಲ್ಲಿ ಇರಾಕ್ ಯುದ್ಧದ ಕಾರಣಕ್ಕೆ ಆಸ್ಕರ್‌ಗೇ ಹೋಗದವನು, ನಿಮ್ಮ ಮಾತಿಗೆ ಕಿವಿಗೊಡ್ತಾನಾ?

ತಮ್ಮ_ನಾನು: ಆ ಥಿಯೇಟರ್‌ಗೆ ಹೋಗಿದ್ದೆ ಸ್ವಾಮಿ. ಆವತ್ತು ರಜೆ.

ಎಸ್ಪೋ_31: ಎಲ್ಲರಿಗೂ ಥ್ಯಾಂಕ್ಸ್. ಪಾತ್ರೆವಾಲಾ ಅವರೇ, ಆ 400 ಅಡಿ ಸುರುಳಿ ಎಲ್ಲಿ ಸಿಗುತ್ತದೆ?

ಪಾತ್ರೆವಾಲಾ: ಒಂದು ಉಳಿದಿದೆ. ಫ್ರಿಜ್‌ನಲ್ಲಿ, ದೋಸೆ ಹಿಟ್ಟಿನ ಡಬ್ಬಿ ಹಿಂದೆ. ಮಾರುವುದಿಲ್ಲ.