ರಾತ್ರಿಯ ‘ಗೋಚರತೆ’ ಹೆಚ್ಚಿಸುವುದು: ನೋಡುವವನದೋ, ಕಾಣಿಸಿಕೊಳ್ಳುವವನದೋ?

ಪದಚರ್ಚೆಯ ಹಿರಿಯರಿಗೂ ಮಿತ್ರರಿಗೂ ನಮಸ್ಕಾರಗಳು.

ಡೇಝೀ ಎಂಬ ಬಹುಆಟಗಾರರ ಸರ್ವೈವಲ್ ಕಂಪ್ಯೂಟರ್ ಆಟಕ್ಕೆ ಸರ್ವರ್ (ಆಟಗಾರರೆಲ್ಲ ಅಂತರ್ಜಾಲದ ಮೂಲಕ ಬಂದು ಸೇರುವ ಗಣಕ) ನಡೆಸುವ ಕೆಲವು ಕನ್ನಡದ ಯುವಕರು ತಮ್ಮ ಆಟಗಾರರಿಗಾಗಿ ಸಿದ್ಧಪಡಿಸುತ್ತಿರುವ ಕನ್ನಡ ಕೈಪಿಡಿಯ ಕರಡನ್ನು ತಿದ್ದುವ ಕೆಲಸ ಈಗ ನನ್ನ ಪಾಲಿಗೆ ಬಂದಿದೆ. ಆಟದ ಪರಿಚಯವಿಲ್ಲದವರಿಗಾಗಿ ಎರಡು ಮಾತು ಹೇಳುತ್ತೇನೆ. ಇದು ಜೆಕ್ ದೇಶದ ಬೊಹೀಮಿಯಾ ಇಂಟರಾಕ್ಟಿವ್ ಸಂಸ್ಥೆಯದು. 2013ರ ಡಿಸೆಂಬರಿನಲ್ಲಿ ಅಪೂರ್ಣ ರೂಪದಲ್ಲಿಯೂ 2018ರ ಡಿಸೆಂಬರಿನಲ್ಲಿ ಪೂರ್ಣ ರೂಪದಲ್ಲಿಯೂ ಹೊರಬಂದಿತು. ಉತ್ತರ ಬೊಹೀಮಿಯಾದ ನೆಲದ ಮಾದರಿಯಲ್ಲಿ ಕಟ್ಟಿದ ಚೆರ್ನಾರಸ್ ಎಂಬ ಕಲ್ಪಿತ ದೇಶದಲ್ಲಿ, ಸೋಂಕು ಹಬ್ಬಿ ಊರುಗಳೆಲ್ಲ ಪಾಳುಬಿದ್ದ ಮೇಲೆ, ಹಸಿವು, ಚಳಿ, ಸೋಂಕಿತರು ಮತ್ತು ಎಲ್ಲಕ್ಕಿಂತ ಹೆಚ್ಚಾಗಿ ಇತರ ಆಟಗಾರರಿಂದ ತಪ್ಪಿಸಿಕೊಂಡು ಬದುಕುಳಿಯುವುದೇ ಆಟ. ಅಲ್ಲಿ ಬೀದಿದೀಪಗಳಿಲ್ಲ, ಸೂರ್ಯ ಮುಳುಗಿದರೆ ಮುಂದಿಟ್ಟ ಹೆಜ್ಜೆಯೂ ತಿಳಿಯದಂಥ ಕತ್ತಲೆ ಕವಿಯುತ್ತದೆ.

ಹೀಗಾಗಿ ಕೈಪಿಡಿಯಲ್ಲಿ ರಾತ್ರಿಗೆಂದೇ ಒಂದು ಅಧ್ಯಾಯವಿದೆ. ಅದಕ್ಕೆ ಯುವಕರು ಕೊಟ್ಟ ತಲೆಬರಹ ‘ರಾತ್ರಿಯ ಗೋಚರತೆಯನ್ನು ಹೆಚ್ಚಿಸಿಕೊಳ್ಳಿ’ ಎಂದು. ವ್ಯಾಕರಣದಲ್ಲಿ ದೋಷವಿಲ್ಲ, ಪದವೂ ಪತ್ರಿಕೆಗಳಲ್ಲಿ ದಿನವೂ ಕಾಣುವಂಥದ್ದೇ. ಆದರೆ ‘ಹೆಚ್ಚಿಸಿಕೊಳ್ಳಿ’ ಎಂಬ ಆತ್ಮಾರ್ಥಕ ರೂಪದೊಡನೆ ಸೇರಿದಾಗ, ‘ನೀವು ಇತರರ ಕಣ್ಣಿಗೆ ಹೆಚ್ಚು ಬೀಳುವಂತೆ ಮಾಡಿಕೊಳ್ಳಿ’ ಎಂಬ ಅರ್ಥ ಮೊದಲು ಹೊಳೆಯುತ್ತದೆ. ರಾತ್ರಿ ಹೆದ್ದಾರಿಯಲ್ಲಿ ಸೈಕಲ್ ತುಳಿಯುವವನಿಗೆ ಇದು ಒಳ್ಳೆಯ ಸಲಹೆ. ಪೊದೆಯ ಹಿಂದೆ ಬಂದೂಕು ಹಿಡಿದು ಕಾಯುವವರಿರುವ ಆಟದಲ್ಲಿ ಇದೇ ಸಲಹೆ ಆಟಗಾರನ ಪ್ರಾಣಕ್ಕೆ ಎರವಾಗುತ್ತದೆ.

ನನ್ನ ಮುಖ್ಯ ಪ್ರಶ್ನೆ ಇಲ್ಲಿಯೇ ಹುಟ್ಟುತ್ತದೆ: ‘ಗೋಚರತೆ’ ಎಂಬುದು ನೋಡುವವನ ಸಾಮರ್ಥ್ಯವನ್ನು ಹೇಳಬಲ್ಲುದೇ, ಅಥವಾ ಅದು ನೋಡಲ್ಪಡುವ ವಸ್ತುವಿನ ಗುಣವಷ್ಟೇ? ಸಂಸ್ಕೃತದ ‘ಗೋಚರ’ಕ್ಕೆ ಗೋವುಗಳು ತಿರುಗಾಡಿ ಮೇಯುವ ನೆಲ ಎಂಬುದು ಮೂಲಾರ್ಥ; ನಮ್ಮ ಕಂದಾಯದವರು ಗೋಮಾಳವೆನ್ನುವುದು ಅಂಥ ನೆಲವನ್ನೇ. ಅಲ್ಲಿಂದ ಇಂದ್ರಿಯಗಳು ಸಂಚರಿಸುವ ವ್ಯಾಪ್ತಿ, ಆ ವ್ಯಾಪ್ತಿಯೊಳಗೆ ಸಿಕ್ಕ ವಸ್ತು ಎಂದು ಅರ್ಥ ಬೆಳೆಯಿತು. (ಜ್ಯೋತಿಷ್ಯದ ಗೋಚಾರಫಲದ ಗೋಜು ನಮಗಿಲ್ಲಿ ಬೇಡ.) ಕನ್ನಡದಲ್ಲಿ ಉಳಿದುಕೊಂಡದ್ದು ಮುಖ್ಯವಾಗಿ ಕೊನೆಯ ಅರ್ಥ. ‘ಬೆಟ್ಟ ಗೋಚರಿಸಿತು’ ಎನ್ನುತ್ತೇವೆಯೇ ಹೊರತು ‘ನಾನು ಬೆಟ್ಟವನ್ನು ಗೋಚರಿಸಿದೆ’ ಎನ್ನುವುದಿಲ್ಲ. ಇನ್ನೂ ಸ್ಪಷ್ಟವಾದ ಸಾಕ್ಷ್ಯ ಅದರ ನಿಷೇಧರೂಪದಲ್ಲಿದೆ: ‘ಅಗೋಚರ’ನೆಂದರೆ ಕಣ್ಣಿಲ್ಲದವನಲ್ಲ, ಕಣ್ಣಿಗೆ ಸಿಗದವನು.

ಪತ್ರಿಕೆಯ ಭಾಷೆಯಲ್ಲಿ ಮೂರನೆಯದೊಂದು ಅರ್ಥ ಬೇರೂರಿದೆ ಎಂಬುದನ್ನು ಒಪ್ಪಬೇಕು. ಮಂಜು ಕವಿದ ಮುಂಜಾನೆ ಬೆಂಗಳೂರಿನ ವಿಮಾನ ನಿಲ್ದಾಣದಲ್ಲಿ ‘ಗೋಚರತೆ ಕುಸಿದು ಹಾರಾಟ ವಿಳಂಬವಾಯಿತು’ ಎಂದು ಓದುವಾಗ, ಅದು ವಿಮಾನದ ಗುಣವೂ ಅಲ್ಲ, ಪೈಲಟ್‌ನ ಕಣ್ಣಿನ ಗುಣವೂ ಅಲ್ಲ. ನಡುವಿನ ಗಾಳಿಯ ಸ್ಥಿತಿ, ಮೀಟರಿನಲ್ಲಿ ಅಳೆಯುವಂಥದ್ದು. ಆಟದೊಳಗೆ ಮಳೆ, ಮಂಜು ಬಂದಾಗ ಈ ಅರ್ಥವನ್ನು ಹಾಗೆಯೇ ಬಳಸಬಹುದು, ಅದರ ಬಗ್ಗೆ ನನಗೆ ತಕರಾರಿಲ್ಲ. ಕತ್ತಲೆಯ ವಿಷಯ ಬೇರೆ. ಮಂಜು ಇಬ್ಬರಿಗೂ ಸಮನಾಗಿ ಅಡ್ಡ ಬರುತ್ತದೆ. ಕತ್ತಲೆಯಲ್ಲಿ ಒಬ್ಬನಿಗೆ ಕಂಡು ಇನ್ನೊಬ್ಬನಿಗೆ ಕಾಣದಿರುವುದು ಸಾಧ್ಯ, ಮತ್ತು ರಾತ್ರಿಯ ಆಟವೆಲ್ಲ ನಿಂತಿರುವುದು ಈ ಅಸಮತೆಯ ಮೇಲೆಯೇ.

ಸಂಸ್ಕೃತವನ್ನು ಬಿಟ್ಟು ಕನ್ನಡದ ಬೇರಿಗೆ ಹೋದರೆ ಸಮಸ್ಯೆ ಕರಗುತ್ತದೆಂದು ಕೆಲವರು ಹೇಳಬಹುದು. ‘ಕಾಣು’ ಧಾತುವನ್ನು ನೋಡಿ. ‘ನಾನು ಅವನನ್ನು ಕಂಡೆ’ ಎಂಬಲ್ಲಿ ಕರ್ತೃ ನೋಡುವವನು. ‘ನನಗೆ ಅವನು ಕಂಡನು’ ಎಂಬಲ್ಲಿ ಕರ್ತೃ ನೋಟಕ್ಕೆ ಸಿಕ್ಕವನು. ಧಾತು ಒಂದೇ, ದಿಕ್ಕು ಎರಡು. ಆದ್ದರಿಂದ ‘ಕಾಣುವಿಕೆ’ ಎಂದು ನಾಮಪದ ಮಾಡಿದ ಕೂಡಲೇ ವಿಭಕ್ತಿಗಳು ಕಾಪಾಡುತ್ತಿದ್ದ ವ್ಯತ್ಯಾಸ ಅಳಿಸಿಹೋಗುತ್ತದೆ. ‘ಆಟಗಾರನ ಕಾಣುವಿಕೆ’ ಎಂದರೆ ಅವನು ಕಾಣುವುದೋ ಅವನನ್ನು ಕಾಣುವುದೋ ಹೇಳಲಾಗದು. ‘ನೋಡು’ ಮಾತ್ರ ಒಂದೇ ದಿಕ್ಕಿನದು, ಆದರೆ ಅದರಲ್ಲಿ ಯತ್ನವಿದೆ, ಫಲದ ಖಾತ್ರಿಯಿಲ್ಲ: ‘ನೋಡಿದೆ, ಏನೂ ಕಾಣಲಿಲ್ಲ’ ಎನ್ನಬಹುದು. ಕೈಪಿಡಿಗೆ ಬೇಕಾದದ್ದು ಫಲವೇ ತಾನೇ.

ಈ ಸೂಕ್ಷ್ಮವೆಲ್ಲ ಒಂದು ಆಟದ ಕೈಪಿಡಿಗೆ ಏಕೆ ಎಂದು ಕೇಳುವವರಿಗಾಗಿ, ಆಟದಲ್ಲಿ ಕತ್ತಲೆಯನ್ನು ಗೆಲ್ಲುವ ದಾರಿಗಳು ಎಷ್ಟು ಭಿನ್ನ ಎಂಬುದನ್ನು ವಿವರಿಸಬೇಕು. ಮೊದಲನೆಯದು ಆಟದ ಲೋಕದೊಳಗೇ ಬೆಳಕು ಹೊತ್ತಿಸುವುದು. ಕೋಲಿಗೆ ಚಿಂದಿ ಸುತ್ತಿ ಹೊತ್ತಿಸಬಹುದು, ಬ್ಯಾಟರಿ ದೀಪ ಹಿಡಿಯಬಹುದು, ತಲೆಗೆ ದೀಪ ಕಟ್ಟಿಕೊಳ್ಳಬಹುದು, ಮುರಿದರೆ ಬೆಳಗುವ ರಾಸಾಯನಿಕ ಕಡ್ಡಿಯನ್ನು ನೆಲಕ್ಕೆ ಎಸೆಯಬಹುದು. ಇವುಗಳಿಂದ ಹಿಡಿದವನಿಗೆ ದಾರಿ ಕಾಣುತ್ತದೆ, ಅದರೊಡನೆ ಅವನೂ ದೂರದವರೆಗೆ ಕಾಣಿಸಿಕೊಳ್ಳುತ್ತಾನೆ. ಇಲ್ಲಿ ‘ಗೋಚರತೆ ಹೆಚ್ಚುತ್ತದೆ’ ಎಂಬ ಮಾತು ಎರಡೂ ಅರ್ಥದಲ್ಲಿ ನಿಜ, ಅದೇ ಅಪಾಯ. ಮಾತಿಗೆ ಬಂದದ್ದರಿಂದ ಹೇಳುತ್ತೇನೆ: ‘ಟಾರ್ಚ್’ ಎಂಬ ಪದ ಇಂಗ್ಲಿಷ್ ಆಟಗಳಲ್ಲಿ ಬಹುತೇಕ ಉರಿಯುವ ಕೋಲಿಗೇ ಸಲ್ಲುತ್ತದೆ, ನಮ್ಮಲ್ಲಿ ಅದು ಒತ್ತುಗುಂಡಿಯ ದೀಪ, ಹಳ್ಳಿಯ ಕಡೆ ಅದೇ ‘ಬ್ಯಾಟ್ರಿ’. ಉರಿಯುವುದಕ್ಕೆ ಪಂಜು, ದೀವಟಿಗೆ ಇವೆ, ಯಕ್ಷಗಾನದವರ ದೊಂದಿಯೂ ಇದೆ. ನಾನು ‘ಪಂಜು’ ಎಂದು ಮಾಡಿದ್ದೇನೆ, ಇದರ ಬಗ್ಗೆ ಚರ್ಚೆ ಬೇಡವೆನಿಸುತ್ತದೆ.

ಎರಡನೆಯ ದಾರಿ, ಬ್ಯಾಟರಿಯಿಂದ ನಡೆಯುವ ಇರುಳುನೋಟದ ಕನ್ನಡಕ. ಧರಿಸಿದವನಿಗೆ ಸುತ್ತಲಿನದೆಲ್ಲ ಕಾಣುತ್ತದೆ, ಆದರೆ ಪಂಜಿನಂತೆ ಅವನನ್ನು ದೂರದವರಿಗೆ ತೋರಿಸಿಕೊಡುವುದಿಲ್ಲ. ಕರಡಿನಲ್ಲಿ ಇದಕ್ಕೆ ‘ಇರುಳುಗಣ್ಣು’ ಎಂದು ಬರೆದಿದ್ದರು. ಕೇಳುವುದಕ್ಕೆ ಸೊಗಸಾಗಿದೆ, ಆದರೆ ಹಿರಿಯರ ಬಾಯಲ್ಲಿ ಇರುಳುಗಣ್ಣು ಎಂದರೆ ಇರುಳುಗುರುಡು, ಅಂದರೆ ಎ ಜೀವಸತ್ವದ ಕೊರತೆಯಿಂದ ಸಂಜೆಯಾದ ಮೇಲೆ ಕಣ್ಣು ಕಾಣದಾಗುವ ರೋಗ. ಬಯಸಿದ ಅರ್ಥಕ್ಕೆ ನೇರ ವಿರುದ್ಧ. ಇಂದಿನ ಹುಡುಗರು ಆ ಪದವನ್ನು ರೋಗದ ಅರ್ಥದಲ್ಲಿ ಕೇಳಿಯೇ ಇಲ್ಲವಾದರೆ ಹೊಸ ಅರ್ಥಕ್ಕೆ ಬಿಟ್ಟುಕೊಡಬಹುದೇ ಎಂಬ ವಾದವನ್ನು ನಾನು ಒಪ್ಪುವುದಿಲ್ಲ. ಬದುಕಿರುವ ಪದವನ್ನು ಅದರ ತಲೆಕೆಳಗಾದ ಅರ್ಥದಲ್ಲಿ ಬಳಸಿದರೆ ಎರಡು ತಲೆಮಾರುಗಳು ಒಂದೇ ಮಾತಿನಲ್ಲಿ ಬೇರೆ ಬೇರೆ ಸಂಗತಿಗಳನ್ನು ಕೇಳಿಸಿಕೊಳ್ಳುತ್ತವೆ. ‘ಇರುಳುನೋಟ’ ಸಾಕೆಂದು ನನ್ನ ಅಭಿಪ್ರಾಯ.

ಮೂರನೆಯ ದಾರಿ ಆಟದ ಲೋಕದಲ್ಲಿಲ್ಲ, ಆಟಗಾರನ ಮೇಜಿನ ಮೇಲಿದೆ. ಪರದೆಯ ಅಥವಾ ಆಟದ ಗಾಮಾ ಮೌಲ್ಯವನ್ನು, ಅಂದರೆ ಚಿತ್ರದ ಮಂದ ಛಾಯೆಗಳನ್ನು ಎಷ್ಟು ಎತ್ತಿ ತೋರಿಸಬೇಕೆಂಬ ಅಳತೆಯನ್ನು, ಏರಿಸಿದರೆ ಕತ್ತಲಲ್ಲಿ ಅಡಗಿದ್ದ ಆಕೃತಿಗಳು ಹೊರಬೀಳುತ್ತವೆ. ಕರಡಿನಲ್ಲಿ ಇದನ್ನು ಒಮ್ಮೆ ‘ಹೊಳಪು’, ಒಮ್ಮೆ ‘ಪ್ರಖರತೆ’, ಇನ್ನೊಮ್ಮೆ ‘ಬೆಳಕು’ ಎಂದು ಕರೆದಿದ್ದಾರೆ, ಮೂರೂ ಸರಿಹೊಂದುವುದಿಲ್ಲ. ಹೊಳಪು ಬೆಳಗಿದ ಪಾತ್ರೆಗೆ ಸೇರಿದ್ದು. ಪ್ರಖರತೆಯಲ್ಲಿ ಕಣ್ಣು ಕುಕ್ಕುವ ಬಿಸಿಲಿನ ಛಾಯೆಯಿದೆ. ಬೆಳಕು ಎಂದರೆ ಪಂಜಿನ ಬೆಳಕಿಗೂ ಇದಕ್ಕೂ ಅಂತರವೇ ಉಳಿಯದು. ಮೇಲಾಗಿ, ಗಾಮಾ ಮಾಡುವ ಕೆಲಸ ಎಲ್ಲವನ್ನೂ ಸಮನಾಗಿ ಬೆಳಗುವುದಲ್ಲ. ಕಡುಗಪ್ಪನ್ನು 0, ಪೂರ್ಣ ಬಿಳಿಯನ್ನು 1 ಎಂದಿಟ್ಟುಕೊಳ್ಳಿ. 0.05ರಷ್ಟು ಮಂದವಾದ ಛಾಯೆಯೊಂದನ್ನು 1/2.2ರ ಘಾತಕ್ಕೆ ಏರಿಸಿದರೆ ಅದು ಸುಮಾರು 0.26 ಆಗುತ್ತದೆ, ಅಂದರೆ ಐದು ಪಟ್ಟು. ಅದೇ ಘಾತಕ್ಕೆ 0.8 ಏರುವುದು ಸುಮಾರು 0.9ರವರೆಗಷ್ಟೇ, 0 ಮತ್ತು 1 ಇದ್ದಲ್ಲಿಯೇ ಇರುತ್ತವೆ. ಟಿವಿಯ ಬ್ರೈಟ್‌ನೆಸ್ ಗುಂಡಿ ಏರಿಸಿದಾಗ ಹೀಗಾಗುವುದಿಲ್ಲ, ಅಲ್ಲಿ ಎಲ್ಲ ಛಾಯೆಗಳೂ ಹೆಚ್ಚುಕಡಿಮೆ ಒಂದೇ ಪ್ರಮಾಣದಲ್ಲಿ ಮೇಲೆದ್ದು ಕಪ್ಪು ಬೂದಿಬಣ್ಣಕ್ಕೆ ತಿರುಗುತ್ತದೆ. ಆಟ ತಯಾರಿಸುವವರೇ ಈ ಎರಡನ್ನು ಬೆರೆಸಿ ಗೊಂದಲ ಹೆಚ್ಚಿಸಿದ್ದಾರೆ: ಮೈನ್‌ಕ್ರಾಫ್ಟ್‌ನ ಮೆನುವಿನಲ್ಲಿ ಬ್ರೈಟ್‌ನೆಸ್ ಎಂದಿರುವುದೇ ಅದರ ಆಯ್ಕೆಗಳ ಕಡತದಲ್ಲಿ ಗಾಮಾ ಎಂಬ ಹೆಸರಿನಲ್ಲಿದೆ. ಆ ಆಟದ ಭಾಷಾಪಟ್ಟಿಯಲ್ಲಿ ಕನ್ನಡವೂ ಇರುವುದರಿಂದ ನಮ್ಮ ಈ ಚರ್ಚೆ ಒಂದೇ ಕೈಪಿಡಿಗೆ ಸೀಮಿತವಲ್ಲ.

ನನ್ನ ಒಲವು ‘ಗಾಮಾ’ವನ್ನು ಹಾಗೆಯೇ ಇಟ್ಟುಕೊಳ್ಳುವುದರ ಕಡೆಗಿದೆ. ಗಾಮಾ ಕಿರಣ ಎಂದು ಶಾಲೆಯಲ್ಲಿ ಓದಿದವರಿಗೆ ಕ್ಷಣಕಾಲ ತಬ್ಬಿಬ್ಬಾದರೂ, ಆಟಗಾರರ ನಡುವೆ ‘ಗಾಮಾ ಜಾಸ್ತಿ ಮಾಡ್ಕೋ’ ಎಂಬುದು ಈಗಾಗಲೇ ಸಲೀಸಾದ ಮಾತು. ಮೊದಲ ಬಾರಿ ಬಳಸುವಲ್ಲಿ ಮಾತ್ರ ‘ಮಂದ ಛಾಯೆಗಳನ್ನು ಎತ್ತಿ ತೋರಿಸುವ ಗಾಮಾ’ ಎಂದು ವಿಶೇಷಣ ಸೇರಿಸಬಹುದು. ‘ದೀಪ ದೊಡ್ಡದು ಮಾಡು’ ಎಂಬ ಮನೆಮಾತನ್ನು ಇಲ್ಲಿಗೆ ತರಬಹುದೆಂದು ಒಬ್ಬ ಹುಡುಗ ಸೂಚಿಸಿದ. ಕೆಲವು ಮನೆಗಳಲ್ಲಿ ದೀಪ ಆರಿಸುವುದೆಂಬ ಅಶುಭವನ್ನು ಬಾಯಲ್ಲಿ ಆಡಬಾರದೆಂದು ‘ದೊಡ್ಡದು ಮಾಡು’ ಎನ್ನುವ ರೂಢಿಯಿದೆ ಎಂದು ತಿಳಿಸಿದಾಗ ಅವನು ಬಹಳ ನಕ್ಕ.

ಗಾಮಾದಿಂದ ನೋಡುವವನಿಗಷ್ಟೇ ಲಾಭ, ಅವನು ಎಳ್ಳಷ್ಟೂ ಹೆಚ್ಚು ಕಾಣಿಸಿಕೊಳ್ಳುವುದಿಲ್ಲ. ಆದ್ದರಿಂದಲೇ ಅದರ ಸುತ್ತ ನ್ಯಾಯಾನ್ಯಾಯದ ಜಗಳ ನಿಲ್ಲುವುದಿಲ್ಲ. ಆರ್ಕ್: ಸರ್ವೈವಲ್ ಇವಾಲ್ವ್ಡ್ ಆಟದಲ್ಲಿ ಆಟಗಾರರು ಪರಸ್ಪರ ಕಾದಾಡುವ ಸರ್ವರುಗಳಲ್ಲಿ ಗಾಮಾ ಆಜ್ಞೆ ಬಳಸಬೇಕಾದರೆ ಸರ್ವರ್ ನಡೆಸುವವರು ಅದಕ್ಕೆ ಪ್ರತ್ಯೇಕವಾಗಿ ಅನುಮತಿ ಕೊಟ್ಟಿರಬೇಕು, ಕಾದಾಟವಿಲ್ಲದ ಸರ್ವರುಗಳಲ್ಲಿ ಅದು ತಾನಾಗಿ ತೆರೆದಿರುತ್ತದೆ, ಬೇಕಾದವರು ಮುಚ್ಚಬಹುದು. ಒಂದೇ ಸೌಲಭ್ಯಕ್ಕೆ ಎರಡು ಕಡೆ ವಿರುದ್ಧ ನಿಯಮ ಇರುವುದಕ್ಕೆ ಕಾರಣ, ಎದುರಾಳಿಯ ಕಣ್ಣು ಲೆಕ್ಕಕ್ಕೆ ಬರುವುದು ಒಂದು ಕಡೆ ಮಾತ್ರ ಎಂಬುದೇ. ನಮ್ಮ ಪದಗಳೂ ಈ ಭೇದವನ್ನು ಹೇಳಬಲ್ಲವಾಗಿರಬೇಕೆಂಬುದು ನನ್ನ ಆಗ್ರಹ.

ಉಳಿದದ್ದು ಸರ್ವರ್ ನಡೆಸುವವರ ಕೈಯಲ್ಲಿರುವ ದಾರಿ. ಡೇಝೀಯ ಸರ್ವರ್ ಕಡತದಲ್ಲಿ ‘ಲೈಟಿಂಗ್‌ಕಾನ್ಫಿಗ್’ ಎಂಬುದಕ್ಕೆ 0 ಕೊಟ್ಟರೆ ರಾತ್ರಿ ತುಸು ತಿಳಿಯಾಗಿರುತ್ತದೆ, 1 ಕೊಟ್ಟರೆ ಗಾಢವಾಗುತ್ತದೆ. ಆಟಗಾರನ ಸುತ್ತ ಅವನಿಗಾಗಿಯೇ ಇರುವ ನಸುಬೆಳಕನ್ನು ತೆಗೆದುಹಾಕುವ ಇನ್ನೊಂದು ಸಾಲಿದೆ. ರಾತ್ರಿಯನ್ನೇ ಬೇಗ ಕಳೆಯುವ ಉಪಾಯವೂ ಉಂಟು: ಕಾಲದ ವೇಗವನ್ನು 4 ಎಂದೂ ರಾತ್ರಿಯ ವೇಗವನ್ನು 3 ಎಂದೂ ಇಟ್ಟರೆ, ಒಂದನ್ನೊಂದು ಗುಣಿಸಿ ಇರುಳು 12 ಪಟ್ಟು ವೇಗದಲ್ಲಿ ಸರಿಯುತ್ತದೆ. ಇದನ್ನೂ ಕರಡಿನವರು ‘ಗೋಚರತೆಯ ಸುಧಾರಣೆ’ ಎಂಬ ಶೀರ್ಷಿಕೆಯಡಿ ಸೇರಿಸಿದ್ದರು. ಇಲ್ಲಿ ಯಾರಿಗೂ ಏನೂ ಹೆಚ್ಚು ಕಾಣುತ್ತಿಲ್ಲ, ಕತ್ತಲೆಯ ಅವಧಿ ಕಿರಿದಾಗಿದೆಯಷ್ಟೇ. ‘ಇರುಳನ್ನು ಕಿರಿದಾಗಿಸುವುದು’ ಎಂದು ಬೇರೆ ಶೀರ್ಷಿಕೆ ಕೊಟ್ಟಿದ್ದೇನೆ. ಲೈಟಿಂಗ್‌ಕಾನ್ಫಿಗ್‌ನ ಎರಡು ಬಗೆಗಳಿಗೆ ಸಂಖ್ಯೆಯ ಜೊತೆಗೆ ಹೆಸರೂ ಇರಲೆಂದು 1ಕ್ಕೆ ‘ಕಗ್ಗತ್ತಲೆ’ ಎಂದು ಇಟ್ಟೆ, ಅದಕ್ಕೆ ಯಾರ ಆಕ್ಷೇಪವೂ ಬರಲಿಲ್ಲ. 0ಕ್ಕೆ ಹೆಸರು ದೊರಕಿಲ್ಲ. ‘ಮಬ್ಬುಗತ್ತಲೆ’, ‘ನಸುಗತ್ತಲೆ’ ಎರಡರಲ್ಲೂ ಸಂಜೆಯೋ ಮುಂಜಾವೋ ಇರುವ ಭಾವ ಬರುತ್ತದೆ, ಇದಾದರೋ ನಟ್ಟಿರುಳಿನ ಮಾತು. ‘ಬೆಳದಿಂಗಳು’ ಎನ್ನೋಣವೆಂದರೆ ಚಂದ್ರನಿಲ್ಲದ ರಾತ್ರಿಗೂ ಆ ಆಯ್ಕೆ ಅನ್ವಯಿಸುತ್ತದೆ. ‘ತಿಳಿಗತ್ತಲೆ’ ಎಂದು ಹೊಸದಾಗಿ ಕಟ್ಟಿದರೆ ಕಿವಿಗೆ ಹಿತವಾಗಿದೆ, ಆದರೆ ಅಂಥ ರೂಪ ಯಾವುದಾದರೂ ಸೀಮೆಯ ಆಡುಮಾತಿನಲ್ಲಿ ಮೊದಲೇ ಇದ್ದರೆ ಕಟ್ಟುವ ಉಸಾಬರಿ ತಪ್ಪುತ್ತದೆ.

ತಲೆಬರಹಕ್ಕೆ ಸದ್ಯಕ್ಕೆ ನಾನು ನಾಮಪದವನ್ನೇ ಬಿಟ್ಟು ‘ರಾತ್ರಿ ಚೆನ್ನಾಗಿ ಕಣ್ಣು ಹಾಯುವಂತೆ ಮಾಡಿಕೊಳ್ಳುವುದು’ ಎಂದು ತಿದ್ದಿದ್ದೇನೆ. ಕಣ್ಣು ಹಾಯುವುದು ನೋಡುವವನಿಗೆ ಮಾತ್ರ ಸಲ್ಲುವ ನುಡಿಗಟ್ಟು, ದೂರದ ಸೂಚನೆಯೂ ಅದರಲ್ಲಿದೆ. ಎದುರು ಬದಿಗೆ ‘ಕಣ್ಣಿಗೆ ಬೀಳುವುದು’ ಇದ್ದೇ ಇದೆ. ಹೀಗೆ ‘ಪಂಜು ಹಿಡಿದರೆ ನಿಮಗೆ ಕಣ್ಣು ಹಾಯುತ್ತದೆ, ಆದರೆ ನೀವೂ ಪರರ ಕಣ್ಣಿಗೆ ಬೀಳುತ್ತೀರಿ, ಗಾಮಾ ಏರಿಸಿದರೆ ಕಣ್ಣು ಹಾಯುತ್ತದೆ, ನೀವು ಯಾರ ಕಣ್ಣಿಗೂ ಬೀಳುವುದಿಲ್ಲ’ ಎಂದು ಬರೆದಾಗ ಹುಡುಗರಿಗೆ ಥಟ್ಟನೆ ಅರ್ಥವಾಯಿತು. ತೊಡಕಿರುವುದು ಮೆನುವಿನಲ್ಲಿ. ಅಲ್ಲಿ ಒಂದೇ ಪದಕ್ಕಷ್ಟೇ ಜಾಗ, ವಾಕ್ಯಕ್ಕಿಲ್ಲ. ‘ಕಣ್ಣಳತೆ’ ಎಂಬುದನ್ನು ‘ಕಣ್ಣಳತೆಯ ದೂರ’ ಎಂಬ ಬಳಕೆಯ ಆಧಾರದಲ್ಲಿ ಅಲ್ಲಿ ಇಡಬಹುದೇ, ಅಥವಾ ಕಣ್ಣಂದಾಜು ಎಂಬ ಅದರ ಇನ್ನೊಂದು ಅರ್ಥ ಅಡ್ಡ ಬರುವುದೇ? ‘ನೋಟದ ಹರವು’ ಎಂಬುದು ಇನ್ನೊಂದು ಸೂಚನೆ, ಆದರೆ ಅದು ಎಡಬಲದ ವಿಸ್ತಾರವನ್ನು ಹೇಳುವಂತಿದೆ, ಕತ್ತಲೆಯ ಆಳವನ್ನಲ್ಲ.

ಉತ್ತರಿಸುವವರು ನಿಘಂಟಿನ ಅರ್ಥದೊಡನೆ ತಮ್ಮ ಸೀಮೆಯಲ್ಲಿ ಕೇಳಿದ ವಾಕ್ಯವೊಂದನ್ನೂ ಬರೆದರೆ ಉಪಕಾರವಾಗುತ್ತದೆ. ಮುಖ್ಯವಾಗಿ ಮೀನುಗಾರಿಕೆಯ ಕರಾವಳಿಯವರು, ರಾತ್ರಿ ಗದ್ದೆಗೆ ನೀರು ಕಟ್ಟುವ ಬಯಲುಸೀಮೆಯವರು ದೀಪವಿಲ್ಲದೆಯೂ ತಕ್ಕಮಟ್ಟಿಗೆ ಕಾಣುವ ನಟ್ಟಿರುಳನ್ನು ಏನೆಂದು ಕರೆಯುತ್ತಾರೆಂದು ತಿಳಿಯುವ ಕುತೂಹಲವಿದೆ.