ಓನರ್ ಅರ್ಜಿ ಕೊಟ್ರೆ ಅಂಗಡಿ ಖಾಲಿ ಮಾಡು ಅಂತ ಸ್ಟೇಷನ್‌ನೋರು ಹೇಳಬಹುದಾ?

ದಾವಣಗೆರೆ ಹದಡಿ ರೋಡ್ ಕಡೆ ಅಮ್ಮನ ಹೆಸರಲ್ಲಿ ಬಾಡಿಗೆ ಅಂಗಡಿ ಐತೆ. ಅಗ್ರಿಮೆಂಟ್ ಮುಗ್ದೈತೆ ಆದ್ರೆ ಬಾಡಿಗೆ ಒಂದು ತಿಂಗಳೂ ಬಾಕಿ ಇಲ್ಲ. ಓನರ್ ಸ್ಟೇಷನ್‌ಗೆ ಅರ್ಜಿ ಕೊಟ್ಟಾರೆ, ಅಲ್ಲಿಂದ ಫೋನು, ಅಮ್ಮನ್ನ ಕರ್ಕೊಂಡು ಬಾ ಶನಿವಾರದೊಳಗೆ ಖಾಲಿ ಮಾಡ್ತೀವಿ ಅಂತ ಬರ್ಕೊಡು ಅಂತ. ಅಮ್ಮಂಗೆ 66, ಹೆದ್ರಿ ಊಟ ಬಿಟ್ಟಾರೆ. ಯಾರಿಗಾದ್ರೂ ಹಿಂಗಾಗಿತ್ತಾ?

ಚನ್ನಗಿರಿ ಕಡೆಯೋನು: ಏನ್ ಬೇಕಾದ್ರೂ ಮಾಡ್ರಿ, ಬರ್ಕೊಡಬ್ಯಾಡ್ರಿ. ನಾನು ಬರ್ಕೊಟ್ಟು ಕೆಟ್ಟೋನು. ತೋಟದ ಬದು ತಕರಾರು, ಸರ್ವೆ ಇನ್ನೂ ಆಗಿರ್ಲಿಲ್ಲ, ರಾತ್ರಿ ಎಂಟರ ತನಕ ಬೆಂಚ್ ಮೇಲೆ ಕೂರಿಸಿ ಆ ಎರಡು ಸಾಲು ಅಡಿಕೆ ಅವರದ್ದೇ ಅಂತ ಮುಚ್ಚಳಿಕೆ ಬರೆಸ್ಕೊಂಡ್ರು, ಮನೆ ಸೇರಿದ್ರೆ ಸಾಕಾಗಿತ್ತು ಸೈನ್ ಹಾಕ್ದೆ. ಆಮೇಲೆ ಕೋರ್ಟಲ್ಲಿ ಎದುರು ವಕೀಲ್ರು ಅದೇ ಹಾಳೆ ಎತ್ತಿದ್ರು.

ದಾವಣಗೆರೆಯಲ್ಲೇ ಬಾಡಿಗೆ ಅಂಗಡಿ ಇಟ್ಟೋಳು: ನಂಗೂ ಸೇಮ್ ಆಗಿತ್ತು. ನಮ್ಮ ವಕೀಲ್ರು ಹೇಳಿದ್ದು, ಖಾಲಿ ಮಾಡ್ಸೋ ಅಧಿಕಾರ ಕೋರ್ಟಿಗೆ, ಪೊಲೀಸ್ರಿಗಲ್ಲ. ಅಗ್ರಿಮೆಂಟ್ ಮುಗಿದ್ರೂ ಅಷ್ಟೇ, ಓನರ್ ನೋಟಿಸ್ ಕೊಟ್ಟು ದಾವೆ ಹಾಕಿ ಡಿಕ್ರಿ (ಕೋರ್ಟಿನ ಆದೇಶ) ತಗೋಬೇಕು. ಪೊಲೀಸ್ರು ಜಗಳ ಆಗ್ದಂಗೆ ನೋಡಬಹುದು, ಬೆದರಿಕೆ, ಬೀಗ ಒಡೆಯೋದು ಆದ್ರೆ ಕೇಸ್ ಹಾಕಬಹುದು, ಅದು ಓನರ್‌ಗೂ ಅನ್ವಯ್ಸುತ್ತೆ. ಎಫ್‌ಐಆರ್ ಆಗಿದ್ರೆ ನಂಬರ್ ಕೇಳ್ರಿ, ಇಲ್ಲಾಂದ್ರೆ ಕರೆದಿದ್ದನ್ನ ಬರಹದಲ್ಲಿ ಕೊಡಿ ಅನ್ರಿ. ಇನ್ನೊಂದು, ಸಾಕ್ಷಿಯಾಗಿ ವಿಚಾರಣೆಗೆ ಅಂತ ಕರೆದ್ರೂ ಹೆಂಗಸರನ್ನ ಮನೆ ಬಿಟ್ಟು ಬೇರೆ ಕಡೆ ಬಾ ಅನ್ನಂಗಿಲ್ಲ, ಬಿಎನ್‌ಎಸ್‌ಎಸ್ (ಹಳೆ ಸಿಆರ್‌ಪಿಸಿ ಬದಲು ಬಂದ ಕಾನೂನು) 179ನೇ ಸೆಕ್ಷನ್‌ನಲ್ಲಿ ಐತೆ, ಅಮ್ಮನ್ನ ಕರ್ಕೊಂಡು ಹೋಗ್ಬೇಡ್ರಿ. ಹಂಗಂತ ಫೋನ್ ಆಫ್ ಮಾಡಿ ಕೂರ್ಬೇಡ್ರಿ, ಲಾಯರ್ ಜೊತೆ ನೀವೊಬ್ರೇ ಹೋಗಿ ಅಗ್ರಿಮೆಂಟ್, ಬಾಡಿಗೆ ಕಟ್ಟಿದ್ದರ ಬ್ಯಾಂಕ್ ಎಂಟ್ರಿ ಜೆರಾಕ್ಸ್ ಕೊಟ್ಟು ಸ್ವೀಕೃತಿ ತಗೊಂಡು ಬರ್ರಿ. ಈ ತಿಂಗಳ ಬಾಡಿಗೆ ಓನರ್ ಬೇಡ ಅಂದ್ರೂ ಅಕೌಂಟಿಗೆ ಹಾಕ್ಬಿಡ್ರಿ, ಬಾಕಿ ತೋರ್ಸೋಕೆ ಅದೇ ದಾರಿ ಹುಡುಕ್ತಾರೆ. ನಾನು ಸಿವಿಲ್ ಕೋರ್ಟಲ್ಲಿ ಇಂಜಂಕ್ಷನ್ (ತಡೆಯಾಜ್ಞೆ) ತಂದೆ. ಅಕಸ್ಮಾತ್ ಬೀಗ ಹಾಕೇ ಬಿಟ್ರೆ 112ಕ್ಕೆ ಫೋನ್ ಮಾಡ್ರಿ, ಸ್ವಾಧೀನ ವಾಪಸ್ ಕೇಳೋ ದಾವೆಗೆ 6 ತಿಂಗಳು ಟೈಮು ಐತೆ. ಲಾಯರ್ ಫೀಸ್ ಕಷ್ಟ ಆದ್ರೆ ಕಾನೂನು ಸೇವಾ ಪ್ರಾಧಿಕಾರದ 15100 ನಂಬರ್, ಹೆಂಗಸರಿಗೆ ಫ್ರೀ.

ಚಳ್ಳಕೆರೆಯೋನು: ನಂದು ಉಲ್ಟಾ ಕತೆ. ಶೇಂಗಾ ದುಡ್ಡಿಗೆ ಕೊಟ್ಟ ಚೆಕ್ ಬೌನ್ಸ್ ಆಯ್ತು, ಪೊಲೀಸ್ರು ಎದುರ್ಸಿದ್ರೆ ಕೊಡ್ತಾನೆ ಅಂತ ಸ್ಟೇಷನ್ ಅಲೆದೆ, ಕೊನೆಗೆ ಇದು ಸಿವಿಲ್ ಸ್ವರೂಪದ್ದು ಅಂತ ಹಿಂಬರಹ ಕೊಟ್ರು. ಅಷ್ಟೊತ್ತಿಗೆ ಚೆಕ್ ಬೌನ್ಸ್ ಕೇಸಿಗೆ ಬ್ಯಾಂಕ್ ಮೆಮೊ ಬಂದ 30 ದಿನದೊಳಗೆ ಕೊಡಬೇಕಾದ ನೋಟಿಸ್ ಟೈಮು, ಚೆಕ್ ಚಾಲ್ತಿ ಇರೋ 3 ತಿಂಗಳು, ಎರಡೂ ಹೋಗಿತ್ತು. ಸಾಹೇಬ್ರು ಹೇಳಿದ್ದು ಸರಿನೇ ಇತ್ತು, ನಂಗೆ ಬುದ್ಧಿ ಇರ್ಲಿಲ್ಲ. ಈಗ ವಸೂಲಿ ದಾವೆ ನಡೀತೈತೆ.

ಕೇಳಿದೋನು: ಇವತ್ತು ಲಾಯರ್ ಜೊತೆ ಹೋಗಿದ್ದೆ, ಬರಹದಲ್ಲಿ ಕೊಡಿ ಸಾರ್ ಅಂದಿದ್ದಕ್ಕೆ ಸ್ಟೇಷನ್ ರೈಟರ್ ನಮ್ಮ ಮುಖ ನೋಡಿ, ನೀವೂ ಓನರ್ರೂ ಕೋರ್ಟಲ್ಲಿ ಬಗೆಹರಿಸ್ಕೊಳ್ರಿ ಅಂತ ಜೆರಾಕ್ಸ್ ಮೇಲೆ ಸೀಲ್ ಹಾಕಿ ಕಳ್ಸಿದ್ರು. ಅಮ್ಮ ಊಟ ಮಾಡಿದ್ರು. ನಾಳೆ ಕೋರ್ಟಿಗೆ.