ಹೆಚ್ಚುವರಿ ಜಮೀನಿನ ಮಂಜೂರಾತಿ: ಪಹಣಿಯಲ್ಲಿ ಪೈಕಿ ನಂಬರ್, ಪೋಡಿ ಆಗಿಲ್ಲ. ಮೊದಲು ಏನು ಮಾಡಬೇಕು?

ಹಕ್ಕಲು_ಸಾಗರ:
ಸಾಗರ ತಾಲೂಕಿನ ಕೂಲಿ ಕುಟುಂಬವೊಂದಕ್ಕೆ 1979ರಲ್ಲಿ ಹೆಚ್ಚುವರಿ ಜಮೀನಿನಿಂದ (ಜಮೀನುದಾರನ ಹತ್ತಿರ ಕಾನೂನಿನ ಮಿತಿ ಮೀರಿ ಇದ್ದ ಭೂಮಿ) 2 ಎಕರೆ ಮಂಜೂರಾಗಿದೆ. ಪರಿಶಿಷ್ಟ ಜಾತಿಯವರು. ಸಾಗುವಳಿ ಚೀಟಿ ಇದೆ, ಮಂಜೂರಿದಾರರು ಈಗಿಲ್ಲ. ಪಹಣಿ ಇನ್ನೂ ಅವರ ಹೆಸರಲ್ಲೇ ಇದೆ, ಸರ್ವೆ ನಂಬರಿನ ಮುಂದೆ 'ಪಿ' (ಪೈಕಿ, ಅಂದರೆ ಆ ನಂಬರಿನ ಒಂದು ಭಾಗ) ಅಂತ ಬರುತ್ತದೆ. ಪಕ್ಕದಲ್ಲಿ ಅರಣ್ಯದ ಗಡಿ ಕೆಲಸ ಶುರುವಾಗಿದೆ. ಪೌತಿ ಖಾತೆ (ಸತ್ತವರ ಖಾತೆಯನ್ನು ವಾರಸುದಾರರ ಹೆಸರಿಗೆ ಮಾಡಿಸುವುದು) ಮೊದಲೋ, ಪೋಡಿ (ಅಳತೆ ಮಾಡಿಸಿ ಬೇರೆ ನಂಬರ್, ನಕಾಶೆ ಮಾಡಿಸುವುದು) ಮೊದಲೋ?

ಕಡತದ_ಕೋಣೆ:
ಎರಡಕ್ಕೂ ಮುಂಚೆ ಈ ಜಮೀನು ಯಾವ ದಾರಿಯಲ್ಲಿ ಬಂದಿದ್ದು ಅನ್ನೋದನ್ನು ಕಾಗದದಲ್ಲಿ ಗಟ್ಟಿ ಮಾಡಿಕೊಳ್ಳಿ. ಸಾಗರ ಸೀಮೆಯಲ್ಲಿ ಗೇಣಿ ಜಮೀನೇ ಜಾಸ್ತಿ. 1951ರ ಕಾಗೋಡು ಸತ್ಯಾಗ್ರಹ ಎದ್ದಿದ್ದೂ ಗೇಣಿ ಅಳೆಯುವ ಕೊಳಗದ ತಕರಾರಿನಿಂದಲೇ. ಹಾಗಾಗಿ ಇಲ್ಲಿ ಭೂಸುಧಾರಣೆ ಅಂದ ಕೂಡಲೇ ಜನ 'ಡಿಕ್ಲರೇಷನ್ ಜಮೀನು' (ಗೇಣಿದಾರ ಅರ್ಜಿ ಕೊಟ್ಟು ಪಡೆದದ್ದು) ಅಂದುಬಿಡುತ್ತಾರೆ. ಹಾಗೆ ಗೇಣಿದಾರರಾಗಿ ನಮೂನೆ 7 ಕೊಟ್ಟು ಅಧಿಭೋಗದ (ಒಡೆತನದ) ಹಕ್ಕು ಪಡೆದಿದ್ದರೆ ಕೈಯಲ್ಲಿ ನಮೂನೆ 10 ಇರಬೇಕು. ಸರ್ಕಾರಿ ಜಮೀನಿನ ಸಾಗುವಳಿ ಸಕ್ರಮವಾದರೆ ಅದು ನಮೂನೆ 50, 53, 57ರ ಬಗರ್‌ಹುಕುಂ ಕಡತ. ನಿಮ್ಮದು ಇವೆರಡೂ ಅಲ್ಲ, ಭೂಸುಧಾರಣಾ ಕಾಯ್ದೆಯ ಕಲಂ 77ರದ್ದು. ಜಮೀನುದಾರ ಕಲಂ 66ರಂತೆ ನಮೂನೆ 11ರಲ್ಲಿ ಘೋಷಣೆ ಕೊಟ್ಟು, ನ್ಯಾಯಮಂಡಳಿ ಮಿತಿ ಮೀರಿದ ಭೂಮಿ ಎಷ್ಟೆಂದು ತೀರ್ಮಾನಿಸಿ, ಅದು ಸರ್ಕಾರಕ್ಕೆ ಸೇರಿದ ಮೇಲೆ ಹಂಚಿದ್ದು.

ಆ ನ್ಯಾಯಮಂಡಳಿ ಆದೇಶದ ದೃಢೀಕೃತ ನಕಲು ತಾಲೂಕು ಕಚೇರಿಯ ಅಭಿಲೇಖಾಲಯದಿಂದ ತೆಗೆಸಿ. ಮಂಜೂರಿದಾರರ ಹೆಸರಲ್ಲಿ ಹುಡುಕಿದರೆ ಸಿಗುವುದು ಕಷ್ಟ, ಕಡತ ಇರುವುದು ಘೋಷಣೆ ಕೊಟ್ಟ ಜಮೀನುದಾರನ ಹೆಸರಲ್ಲಿ. ಆ ಹೆಸರು ಗೊತ್ತಿಲ್ಲದಿದ್ದರೆ 1970ರ ದಶಕದ ಕೈಬರಹದ ಪಹಣಿಯ 9ನೇ ಕಾಲಂ (ಒಡೆಯರ ಹೆಸರು) ನೋಡಿ, 10ನೇ ಕಾಲಮ್ಮಿನಲ್ಲಿ ಮ್ಯುಟೇಶನ್ (ಖಾತೆ ಬದಲಾವಣೆ) ನಂಬರ್ ಸಿಗುತ್ತದೆ.

ಅರಣ್ಯದ ತಕರಾರಿಗೂ ಇದೇ ಉತ್ತರ. ಈ ಜಮೀನು ಮೊದಲು ಖಾಸಗಿ ಹಿಡುವಳಿಯಾಗಿತ್ತು. ಕಾನು (ದಟ್ಟ ಕಾಡು), ಸೊಪ್ಪಿನಬೆಟ್ಟ (ತೋಟಕ್ಕೆ ಸೊಪ್ಪು ತರುವ ಬೆಟ್ಟ), ಗೋಮಾಳದಿಂದ ಕಿತ್ತು ಕೊಟ್ಟಿದ್ದಲ್ಲ. ಅದನ್ನು ತೋರಿಸುವುದು ನ್ಯಾಯಮಂಡಳಿ ಆದೇಶ. ಸಾಗುವಳಿ ಚೀಟಿಯೊಂದನ್ನೇ ಹಿಡಿದು ಹೋದರೆ ದರಖಾಸ್ತು ಜಮೀನು (ಅರ್ಜಿಯ ಮೇಲೆ ಕೊಟ್ಟ ಸರ್ಕಾರಿ ಭೂಮಿ) ಅಂತಲೇ ಓದಿಕೊಳ್ಳುತ್ತಾರೆ.

ಗುಂಟೆಲೆಕ್ಕ:
ಪೌತಿ ಖಾತೆ ಮೊದಲು. ಸತ್ತವರ ಹೆಸರಲ್ಲಿ ಪೋಡಿ ಅರ್ಜಿ ಮುಂದೆ ಹೋಗುವುದಿಲ್ಲ. ಮರಣ ಪ್ರಮಾಣಪತ್ರ, ವಂಶವೃಕ್ಷ ಇಟ್ಟು ವಾರಸುದಾರರೆಲ್ಲರ ಹೆಸರು ಜಂಟಿಯಾಗಿ ಬರಲಿ. ಮದುವೆಯಾಗಿ ಹೋದ ಹೆಣ್ಣುಮಕ್ಕಳ ಹೆಸರು ಬಿಟ್ಟರೆ ಆಮೇಲೆ ಅದೇ ತಕರಾರು.

ಪೋಡಿಯಲ್ಲಿ ಕಂದಾಯದವರು ನಮೂನೆ 1ರಿಂದ 5 ತುಂಬಬೇಕು, ಆಮೇಲೆ ಸರ್ವೆಯವರು 6ರಿಂದ 10. ಮೊದಲ ಭಾಗದಲ್ಲೇ ಸಿಕ್ಕಿಹಾಕಿಕೊಳ್ಳುವುದು ಹೆಚ್ಚು. ಕಾರಣ ಲೆಕ್ಕದ್ದು: ಆಕಾರ್‌ಬಂದ್‌ನಲ್ಲಿ (ಸರ್ವೆ ನಂಬರಿನ ವಿಸ್ತೀರ್ಣ, ಕಂದಾಯ ಬರೆದಿರುವ ದಾಖಲೆ) ಸರ್ವೆ ನಂಬರ್ 18 ಎಕರೆ ಅಂತಿಟ್ಟುಕೊಳ್ಳಿ. ನಡುವಿನ ಹಳ್ಳ, ದಾರಿಯ ಖರಾಬು (ಸಾಗುವಳಿಗೆ ಬಾರದ ಭಾಗ) 1 ಎಕರೆ 20 ಗುಂಟೆ ಕಳೆದರೆ ಉಳಿಯುವುದು 16 ಎಕರೆ 20 ಗುಂಟೆ. ಒಂಬತ್ತು ಜನಕ್ಕೆ ತಲಾ 2 ಎಕರೆ ಬರೆದಿದ್ದರೆ 18 ಎಕರೆ ಆಯಿತು. ಈ 1 ಎಕರೆ 20 ಗುಂಟೆ ಯಾರ ಪಾಲಿನಿಂದ ಹೋಗಬೇಕು ಅನ್ನುವುದು ತೀರ್ಮಾನ ಆಗುವ ತನಕ ಒಬ್ಬರದ್ದೂ ದುರಸ್ತಿ (ದಾಖಲೆ, ನಕಾಶೆಯ ತಿದ್ದುಪಡಿ) ಆಗುವುದಿಲ್ಲ. ಅದಕ್ಕೇ ಒಬ್ಬರೇ ಅರ್ಜಿ ಹಾಕಬೇಡಿ, ಆ ನಂಬರಿನ ಎಲ್ಲ ಮಂಜೂರಿದಾರರನ್ನೂ ಕೂಡಿಸಿಕೊಂಡು ಹೋಗಿ.

ಅಳತೆಯ ದಿನಕ್ಕೆ ಮುಂಚೆ ಬಾಂದುಕಲ್ಲು (ಗಡಿಕಲ್ಲು) ಹುಡುಕಿ ಸುತ್ತ ಸವರಿಡಿ. ನಮ್ಮ ಕಡೆ ಲಂಟಾನದ ಬುಡದಲ್ಲಿ, ಅಗಳದ ಮಣ್ಣಿನಡಿ ಹೂತಿರುತ್ತದೆ. ಒಂದು ಗುಂಟೆ ಅಂದರೆ 33 ಅಡಿಗೆ 33 ಅಡಿ. ಕಲ್ಲು ಸಿಗದೆ ಬೇಲಿಯಿಂದ ಎಳೆದರೆ ನಾಲ್ಕೈದು ಗುಂಟೆ ಆಚೀಚೆ ಆಗುವುದು ಏನೂ ಕಷ್ಟವಲ್ಲ.

ಹಕ್ಕಲು_ಸಾಗರ:
ಇನ್ನೊಂದು ವಿಷಯ. 20 ಗುಂಟೆಗೆ 1994ರಲ್ಲಿ ಅಗ್ರಿಮೆಂಟ್ ಆಗಿದೆ, ತಗೊಂಡವರು ಅಡಿಕೆ ಹಾಕಿದ್ದಾರೆ. ನೋಂದಣಿ ಆಗಿಲ್ಲ.

ಕಡತದ_ಕೋಣೆ:
ಪರಿಶಿಷ್ಟರಿಗೆ ಮಿತಿ ಕಾನೂನಿನಡಿ ಕೊಟ್ಟ ಜಮೀನೂ 1978ರ ಪಿಟಿಸಿಎಲ್ ಕಾಯ್ದೆಯ (ಪರಿಶಿಷ್ಟರಿಗೆ ಕೊಟ್ಟ ಜಮೀನಿನ ಪರಭಾರೆ ತಡೆಯುವ ಕಾಯ್ದೆ) 'ಮಂಜೂರಾದ ಜಮೀನು'. ಅದರಲ್ಲಿ ಪರಭಾರೆ ಅಂದರೆ ಕ್ರಯವೊಂದೇ ಅಲ್ಲ. ಅಡಮಾನ, ಗುತ್ತಿಗೆ, ಬರೀ ಕರಾರು ಕೂಡ ಸೇರುತ್ತದೆ. ಮನೆಯೊಳಗಿನ ಪಾಲು, ಉಯಿಲು ಮಾತ್ರ ಸೇರುವುದಿಲ್ಲ. ಸರ್ಕಾರದ ಪೂರ್ವಾನುಮತಿ ಇಲ್ಲದಿದ್ದರೆ ಆ ಕರಾರು ನಿಲ್ಲುವುದಿಲ್ಲ. ಜಮೀನು ಮರಳಿ ಕೊಡಿಸಿ ಅಂತ ವಾರಸುದಾರರು ಉಪವಿಭಾಗಾಧಿಕಾರಿಗೆ ಅರ್ಜಿ ಕೊಡಬೇಕು, ಮೇಲ್ಮನವಿ ಜಿಲ್ಲಾಧಿಕಾರಿಗೆ. ತಡವಾಯಿತು ಅಂತ ವಜಾ ಆಗುತ್ತಿದ್ದುದಕ್ಕೇ 2023ರಲ್ಲಿ ತಿದ್ದುಪಡಿ ಬಂದು, ಕಾಲಮಿತಿ ಅಡ್ಡಿಯಲ್ಲ ಅಂತ ಸೇರಿಸಿದ್ದಾರೆ. ಅರ್ಜಿಗೆ ಬೇಕಾಗುವುದು ಮತ್ತದೇ: ಮಂಜೂರಾತಿ ಆದೇಶ, ಮಂಜೂರಿದಾರರ ಜಾತಿ ದಾಖಲೆ, ವಂಶವೃಕ್ಷ, ಅಂದಿನಿಂದ ಇಂದಿನವರೆಗಿನ ಪಹಣಿ.

ಗುಂಟೆಲೆಕ್ಕ:
ಆ 20 ಗುಂಟೆ ಬಿಟ್ಟು ಉಳಿದದ್ದಕ್ಕಷ್ಟೇ ಪೋಡಿ ಮಾಡಿಸುವ ಎಂದು ಯಾರಾದರೂ ರಾಜಿಗೆ ಬಂದರೆ ಸಹಿ ಹಾಕಬೇಡಿ. ನಕಾಶೆ ಪೂರ್ತಿ 2 ಎಕರೆಗೇ ಆಗಲಿ.